ಬಾಡಿಗೆ ಕಟ್ಟದವನ ಮೇಲೆ ನ್ಯಾಯಾಂಗ ನಿಂದನೆ

"ಅವನನ್ನ ಒಳಗೆ ಹಾಕ್ಸಿ ಮೇಡಂ! ಇವತ್ತು ಬೇಡ, ನಾಳೆ."

ಗೆಳೆಯರೇ, ಬೆಳಿಗ್ಗೆ ಸವಳಂಗ ರಸ್ತೆಯ ನನ್ನ ವಕೀಲಿ ಕಚೇರಿಗೆ ಬಂದ ಭದ್ರಾವತಿಯ ರಂಗಪ್ಪನವರು ಕುರ್ಚಿಯಲ್ಲಿ ಕೂರುವ ಮೊದಲೇ ಹೇಳಿದ ಮಾತಿದು. ಅವರ ಮಳಿಗೆಯಲ್ಲಿ ಟೈಲರ್ ಸೆಲ್ವಂ ಬಾಡಿಗೆಗಿದ್ದಾನೆ. ಇಬ್ಬರ ನಡುವಿನ ಮಳಿಗೆಯ ಮೊಕದ್ದಮೆ ಮುಗಿಯುವವರೆಗೆ ತಿಂಗಳು ತಿಂಗಳು ಬಾಡಿಗೆ ಕಟ್ಟುತ್ತಿರಬೇಕೆಂದು ಕೋರ್ಟ್ ಹೇಳಿತ್ತು. ಎರಡು ತಿಂಗಳಿಂದ ಅವನು ಕಟ್ಟಿಲ್ಲ.

"ಕೋರ್ಟ್ ಮಾತು ಮೀರಿದಾನಲ್ಲ, ನ್ಯಾಯಾಂಗ ನಿಂದನೆ ಕೇಸ್ ಜಡೀರಿ."

"ಬಾಡಿಗೆ ಬಾಕಿಗೆಲ್ಲ ನಿಂದನೆ ಕೇಸ್ ನಿಲ್ಲಲ್ಲ ರಂಗಪ್ಪನೋರೇ. ವಸೂಲಿಗೆ ಬೇರೆ ಅರ್ಜಿ ಇದೆ, ಖಾಲಿ ಮಾಡ್ಸೋಕೂ ದಾರಿ ಇದೆ. ದುಡ್ಡಿಲ್ದೆ ಕಟ್ಟದೇ ಇರೋದು ಬೇರೆ, ಬೇಕಂತ್ಲೇ ಕೋರ್ಟಿಗೆ ಸಡ್ಡು ಹೊಡೆಯೋದು ಬೇರೆ."

"ಹಂಗಾದ್ರೆ ಜಡ್ಜಿಗೆ ಅವಮಾನ ಆಗ್ಲಿಲ್ವಾ?"

"ಇಲ್ಲ."

"ನಂಗಾಗಿದೆಯಲ್ಲ ಮೇಡಂ!"

ಸಮಾಧಾನವಾಗಲೆಂದು ಚಹಾ ತರಿಸಿದೆ. ಒಂದು ಲೋಟ ಕೆಳಗೂ ಕಳಿಸಿ ಎಂದರು. ಯಾರಿಗಪ್ಪಾ ಎಂದು ಕಿಟಕಿಯಿಂದ ಬಗ್ಗಿ ನೋಡಿದರೆ, ರಸ್ತೆ ಬದಿಯ ಸ್ಕೂಟರ್ ಮೇಲೆ ಸಾಕ್ಷಾತ್ ಸೆಲ್ವಂ ಕುಳಿತಿದ್ದಾನೆ!

"ಕಣ್ಣಿನ ಆಪರೇಷನ್ ಆಗಿದೆಯಲ್ಲ, ನಾನು ಗಾಡಿ ಓಡ್ಸೋ ಹಂಗಿಲ್ಲ. ಅವ್ನೇ ಕರ್ಕೊಂಡು ಬಂದ."

"ಅಲ್ಲ ಮಾರಾಯ್ರೆ, ಅವ್ನನ್ನ ಒಳಗೆ ಹಾಕ್ಸಿದ್ರೆ ನೀವು ಭದ್ರಾವತಿಗೆ ವಾಪಸ್ ಹೋಗೋದು ಹೇಗೆ?"

ರಂಗಪ್ಪನವರು ನನ್ನ ವಕೀಲಿಕೆಯ ಮೇಲೆಯೇ ಅನುಮಾನ ಬಂದವರಂತೆ ನೋಡಿದರು.

"ಅದಕ್ಕೇ ಅಲ್ವಾ ಮೇಡಂ, ಬಂದ ಕೂಡ್ಲೇ ಹೇಳಿದ್ದು? ಇವತ್ತು ಬೇಡ, ನಾಳೆ ಅಂತ."