ದೇವರ ಮೀನಿನ ಮಡು

ನಮ್ಮೂರ ಹಳ್ಳವನ್ನು ನೋಡಿ ಬಂದವರು "ಎಂಥಾ ಚೆಂದದ ಜಾಗ ರೀ!" ಎಂದರೆ ನನಗೆ ಮೈ ಉರಿಯುತ್ತದೆ. ಚೆಂದವೇನೋ ಹೌದು, ಯಾರು ಇಲ್ಲ ಅಂದರು? ಕುಪ್ಪಗಡ್ಡೆಯ ಆಚೆ ಕಾನಿನೊಳಗೆಲ್ಲೋ ಒರತೆಯಾಗಿ ಹುಟ್ಟಿ, ಹಾಸುಬಂಡೆಯ ಮೇಲೆ ಜಾರಿ, ಒಂದು ಮಡುವಿನಲ್ಲಿ ನಿಂತು ದಣಿವಾರಿಸಿಕೊಂಡು, ಆಮೇಲೆ ಗದ್ದೆಬಯಲಿಗೆ ಇಳಿಯುತ್ತದೆ. ಸಂಕ್ರಾಂತಿಗೆ ಊರವರೆಲ್ಲ ಬುತ್ತಿ ಕಟ್ಟಿಕೊಂಡು ಅಲ್ಲಿಗೇ ಹೋಗುತ್ತಿದ್ದೆವು. ಹುಡುಗಿಯರಾದ ನಾವು ಬಂಡೆಯ ಮೇಲೆ ಜಾರಿ ಜಾರಿ ಲಂಗ ಹರಿದುಕೊಂಡು ಬೈಸಿಕೊಳ್ಳುತ್ತಿದ್ದೆವು. ಮಡುವಿಗೆ ಮಾತ್ರ ಯಾರೂ ಕಾಲಿಡುವಂತಿರಲಿಲ್ಲ. ಅದರಲ್ಲಿದ್ದವು ದೇವರ ಮೀನು. ಹಿಡಿಯುವ ಮಾತೇ ಇಲ್ಲ. ಬುತ್ತಿ ಬಿಚ್ಚಿದರೆ ಮೊದಲ ತುತ್ತು ಅವಕ್ಕೆ.

ಐವತ್ತರ ದಶಕ ಮುಗಿಯುತ್ತ ಬಂದಿದ್ದ ಒಂದು ಸಂಕ್ರಾಂತಿಗೆ ನನ್ನ ಅಕ್ಕ ಆಗಷ್ಟೇ ಬಸುರಿಯಾಗಿ ತವರಿಗೆ ಬಂದಳು. ಅವಳನ್ನು ಕೊಟ್ಟಿದ್ದು ಶಿಕಾರಿಪುರದ ಕಡೆ, ಅಂಜನಾಪುರದ ಹತ್ತಿರ. ಹಿಂದಿನ ಬಸಿರುಗಳು ನಿಂತಿರಲಿಲ್ಲ. ಇದೂ ಹೋದರೆ ಮಗನಿಗೆ ಬೇರೆ ಹೆಣ್ಣು ತರುತ್ತೇನೆ ಎಂದು ಅತ್ತೆ ಬಾಯಿಬಿಟ್ಟೇ ಹೇಳಿ ಕಳಿಸಿದ್ದಳು. ಅವ್ವ ಮಡುವಿನ ದಂಡೆಯಲ್ಲಿ ಸೆರಗೊಡ್ಡಿ ಹರಕೆ ಹೊತ್ತಳು.

"ತಾಯಿ, ಇದೊಂದನ್ನ ಉಳಿಸಿಕೊಡು. ಕೂಸನ್ನ ತೊಟ್ಟಿಲ ಸಮೇತ ನಿನ್ನ ದಂಡಿಗೇ ತರ್ತೀನಿ, ನಿನ್ನ ಮೀನಿಗೆ ಹೊಟ್ಟೆ ತುಂಬ ಉಣ್ಣಿಸ್ತೀನಿ."

ಆ ವರ್ಷ ಮುಂಗಾರು ಕೈಕೊಟ್ಟಿತು. ಹಳ್ಳ ಹರಿಯುವುದು ನಿಂತು, ಮಡು ಕುಗ್ಗಿ ಕುಗ್ಗಿ ದನಕ್ಕಿಡುವ ಕಲಗಚ್ಚಿನ ಬಾನಿಯಷ್ಟಾಯಿತು. ಮೀನುಗಳ ಬೆನ್ನು ನೀರಿನ ಮೇಲೆ ಕಾಣುತ್ತಿತ್ತು. ಆಗ ನಮ್ಮೂರ ಹಿರಿಯರಿಗೆ ಹೊಳೆದದ್ದೇನು? ದೇವರ ಮೀನು ಹಸಿದಿವೆ, ಅದಕ್ಕೇ ಮಳೆ ಮುನಿದಿದೆ! ಮನೆಗೊಂದು ಗಡಿಗೆ ಮೊಸರನ್ನ ತಂದು ಸುರಿಯಬೇಕೆಂದು ಡಂಗುರ ಸಾರಿಸಿದರು. ಊರ ಬಾವಿಯಲ್ಲಿ ನೀರು ಇನ್ನೂ ಇತ್ತು. ಅದನ್ನೇ ಸೇದಿ ಅನ್ನ ಮಾಡಿದೆವು. ಎಂಥ ಭಕ್ತಿ ಅಂತೀರಿ! ಮನೆಯಲ್ಲಿ ಗಂಜಿಗೆ ಗತಿಯಿಲ್ಲದವರೂ ಬಂದು ಸುರಿದರು. ಎಲ್ಲರದಕ್ಕಿಂತ ದೊಡ್ಡ ಗಡಿಗೆ ನಮ್ಮವ್ವನದು. ಅಕ್ಕ ತುಂಬಿದ ಹೊಟ್ಟೆ ಹೊತ್ತು, ಏದುಸಿರು ಬಿಡುತ್ತ ಬಂದು, ತನ್ನ ಕೈಯಾರೆ ಬಳಿದು ಬಳಿದು ಹಾಕಿದಳು.

ಅನ್ನ ಹಳಸಿತು, ಅದರ ಜೊತೆ ನೀರೂ ಕೊಳೆಯಿತು. ಮೀನೆಲ್ಲ ಹೊಟ್ಟೆ ಮೇಲೆ ಮಾಡಿ ತೇಲಿದವು, ಒಂದೂ ಉಳಿಯಲಿಲ್ಲ. ಹಿರಿಯರು ಯಾರದೋ ಮೈಲಿಗೆ ತಾಗಿದೆ ಅಂದುಬಿಟ್ಟರು. ಥೂ, ಅವರ ಮೈಲಿಗೆಗಿಷ್ಟು!

"ಅಕ್ಕನ ಮುಂದೆ ಬಾಯಿ ಬಿಟ್ಟೀಯ, ಜೋಕೆ! ನಾಲಿಗೆ ಸುಟ್ಟುಬಿಡ್ತೀನಿ" ಎಂದು ಅವ್ವ ನನ್ನನ್ನು ಹೆದರಿಸಿದಳು.

ನನ್ನ ಬಾಯಿ ಮುಚ್ಚಿಸಬಹುದು, ಗಾಳಿಯ ಬಾಯಿ ಮುಚ್ಚಿಸುವವರು ಯಾರು? ನಾತ ನಮ್ಮ ಹಿತ್ತಿಲ ತನಕ ಬರುತ್ತಿತ್ತು. ಅಕ್ಕ ತಟ್ಟೆಯ ಮುಂದೆ ಕೂತು ಹಾಗೇ ಎದ್ದು ಹೋಗತೊಡಗಿದಳು.

ಹೆರಿಗೆಯಾದಾಗ ಕೂಸು ಅಳಲಿಲ್ಲ. ಸೂಲಗಿತ್ತಿ ಬೆನ್ನು ತಟ್ಟಿದಳು, ಕಾಲು ಹಿಡಿದು ತಲೆಕೆಳಗು ಮಾಡಿದಳು, ಕೊನೆಗೆ ಬಟ್ಟೆ ಮುಚ್ಚಿದಳು. ಒರೆಸಿಟ್ಟಿದ್ದ ತೊಟ್ಟಿಲು ಮತ್ತೆ ಅಟ್ಟ ಸೇರಿತು. ಅದಾದ ಮೇಲೆ ಮಳೆ ಬಂತು ನೋಡಿ, ಹಾಳು ಮಳೆ, ಹಗಲೂ ರಾತ್ರಿ ಹೊಯ್ಯಿತು. ನಾನು ಕಂಬ ಹಿಡಿದು ನಿಂತು ಆ ಮಳೆಗೆ ಬಾಯಿಗೆ ಬಂದಂತೆ ಶಾಪ ಹಾಕಿದೆ.

ಅತ್ತೆಮನೆಯಿಂದ ಕರೆಯಲು ಯಾರೂ ಬರಲಿಲ್ಲ. ಅಪ್ಪನೇ ಆನವಟ್ಟಿಯ ಬಸ್ಸಿಗೆ ಮುಟ್ಟಿಸಲು ಗಾಡಿ ಕಟ್ಟಿದ. ನಾನೂ ಅವ್ವನೂ ಜೊತೆಗೆ ಹತ್ತಿದೆವು. ಹಳ್ಳ ಕೆಂಪು ನೀರು ತುಂಬಿಕೊಂಡು ಓಡುತ್ತಿತ್ತು. ದಾಟುವ ಮುಂಚೆ ಅಪ್ಪ ಎತ್ತು ನಿಲ್ಲಿಸಿದ. ಅವ್ವ, ರೂಢಿಯೋ ಏನೋ, ಅಕ್ಕನ ಬುತ್ತಿ ಬಿಚ್ಚಿ ಮೊದಲ ತುತ್ತನ್ನು ನೀರಿಗೆ ಹಾಕಲು ಕೈ ಎತ್ತಿದಳು. ಅಕ್ಕ ಅವಳ ಮುಂಗೈ ಹಿಡಿದಳು.

"ಬ್ಯಾಡವ್ವ. ಅವಕ್ಕೆ ನೀರು ಬೇಕಿತ್ತು. ನಾವು ಅನ್ನ ಹಾಕಿದ್ವಿ."

ಅವ್ವ ತುತ್ತನ್ನು ಕೈಯಲ್ಲೇ ಹಿಡಿದು ಕೂತಳು. ಆನವಟ್ಟಿ ಬಂದರೂ ಅದನ್ನು ಎಲ್ಲಿ ಇಡಬೇಕೆಂದು ಅವಳಿಗೆ ತಿಳಿಯಲಿಲ್ಲ.