ಏರಿ ಬೀದಿಯ ಪಾರ್ಲಿಮೆಂಟು ಬಿದ್ದುಹೋದದ್ದು

ಸರ್ಕಾರದ ಯಾವ ಗೆಜೆಟ್ಟಿನಲ್ಲೂ ಇಲ್ಲದ ಒಂದು ಕ್ಷೇತ್ರ ಕೊಳ್ಳೇಗಾಲ ಪಟ್ಟಣದಲ್ಲಿ ಇಪ್ಪತ್ತು ವರ್ಷ ಇತ್ತು. ಅದರ ಎಲ್ಲೆ ಮೂಡಲಿಗೆ ಹಿಟ್ಟಿನ ಗಿರಣಿ, ಪಡುವಲಿಗೆ ಮುರಿದ ಮೋರಿ. ರಾಜಧಾನಿ, ಏರಿ ಬೀದಿಯಲ್ಲಿ ಪುಟ್ಟಮಾದಪ್ಪನ ಟೀ ಅಂಗಡಿ ಮುಂದಿನ ಕಲ್ಲುಬೆಂಚು. ಜನ ಆ ಬೆಂಚಿಗೆ ಪಾರ್ಲಿಮೆಂಟು ಅಂತಲೇ ಹೆಸರಿಟ್ಟಿದ್ದರು. ಅದು ಗೇಲಿಗಿಟ್ಟ ಹೆಸರು ಅನ್ನೋದು ಪುಟ್ಟಮಾದಪ್ಪನಿಗೆ ಕೊನೇವರೆಗೂ ಹೊಳೆಯಲಿಲ್ಲ.

ಎಂಬತ್ತನಾಲ್ಕರ ಎಲೆಕ್ಷನ್ನಿನಲ್ಲಿ ಒಂದು ಜೀಪು ಟೀ ಕುಡಿಯೋಕೆ ಅಲ್ಲಿ ನಿಂತಿತು. "ಈ ಬೀದೀಲಿ ಎಷ್ಟು ಓಟವೆ?" ಅಂತ ಜೀಪಿನವರು ಬಾಯಿಮಾತಿಗೆ ಕೇಳಿದರು. ಲೋಟ ತೊಳೆಯುತ್ತಿದ್ದ ಪುಟ್ಟಮಾದಪ್ಪ ಕೈ ಒರೆಸಿಕೊಂಡು, "ನಾನೂರು ಸಾ. ಅಷ್ಟೂ ನನ್ ಕೈಲವೆ. ನಾ ಕೂತ್ಕಳಿ ಅಂದ್ರೆ ಕೂತ್ಕತರೆ, ಎದ್ದೇಳಿ ಅಂದ್ರೆ ಎದ್ದೇಳ್ತರೆ" ಅಂದುಬಿಟ್ಟ. ಆ ಬೀದಿಯಲ್ಲಿ ಅವನ ಮಾತಿಗೆ ಎದ್ದು ಕೂರುತ್ತಿದ್ದದ್ದು ಅಂಗಡಿ ಬಾಗಿಲ ನಾಯಿ ಒಂದೇ, ಅದೂ ಬನ್ನು ಹಾಕಿದರೆ. ಆದರೂ ಕೊರಳಿಗೆ ಹಾರ ಬಿತ್ತು, ಜೀಪಿನ ಮುಂದಿನ ಸೀಟು ಸಿಕ್ಕಿತು. ಆ ಸೀಟಿನ ರುಚಿ ಹತ್ತಿದವನಿಗೆ ಟೀ ಸೋಸುವ ಕೆಲಸ ಹಿಡಿಸುತ್ತದೆಯೇ?

ಆಮೇಲೆ ಎಂಬತ್ತೊಂಬತ್ತು, ತೊಂಬತ್ತೊಂದು, ತೊಂಬತ್ತಾರು, ತೊಂಬತ್ತೆಂಟು, ತೊಂಬತ್ತೊಂಬತ್ತು. ಪ್ರತಿಸಲವೂ ಒಂದು ಜೀಪು, ಒಂದು ಹಾರ. ಪಕ್ಷ ಯಾವುದಾದರೇನು, ಕೂರೋದು ಮುಂದಿನ ಸೀಟು. ಒಂದು ಸಲ ತಮಿಳು ಮಾತಾಡೋ ಮಾರ್ಟಳ್ಳಿಗೆ ಪ್ರಚಾರಕ್ಕೆ ಹೋದವನು ತಮಿಳು ಬಾರದೆ, ಮೈಕು ಹಿಡಿದು ಮೂರು ಸಲ "ವಣಕ್ಕಂ" ಅಂದು ಕೆಳಗಿಳಿದ. ಸದ್ಯ ಮುಗೀತಲ್ಲ ಅಂತ ಜನ ಚಪ್ಪಾಳೆ ಹೊಡೆದರು. ಆ ಚಪ್ಪಾಳೆಯ ಪುರಾಣವನ್ನು ಅವನು ಬೆಂಚಿನ ಮೇಲೆ ಆರು ತಿಂಗಳು ಓದಿದ.

ಇಷ್ಟು ದಿನ ಬಣ್ಣ ಬಯಲಾಗದೆ ಉಳಿದದ್ದು ಹೇಗೆ ಅಂತೀರಾ? ಆಗೆಲ್ಲ ಓಟು ಅಂದರೆ ಚೀಟಿ. ಹತ್ತಾರು ಊರಿನ ಪೆಟ್ಟಿಗೆಗಳನ್ನು ಒಂದು ಡ್ರಮ್ಮಿಗೆ ಸುರಿದು, ಕಡ್ಲೆಪುರಿ ಕಲಸಿದಂಗೆ ಕಲಸಿ ಎಣಿಸುತ್ತಿದ್ದರು. ಏರಿ ಬೀದಿಯ ಓಟು ಯಾವುದು, ಕುಂತೂರಿನ ಓಟು ಯಾವುದು ಅಂತ ಆ ಬ್ರಹ್ಮನಿಗೂ ಗೊತ್ತಾಗುತ್ತಿರಲಿಲ್ಲ. ಕ್ಯಾಂಡಿಡೇಟು ಗೆದ್ದರೆ ಏರಿ ಬೀದಿಯೇ ಗೆಲ್ಲಿಸಿದ್ದು. ಸೋತರೆ, "ನಮ್ ಬೀದಿ ಕೈ ಬುಡ್ಲಿಲ್ಲ ಸಾ, ಅಜ್ಜೀಪುರದ ಕಡೆಯೋರು ಕೈ ಕೊಟ್ರು."

ಅವನ ಹೆಂಡತಿ ಶಿವರತ್ನಮ್ಮನಿಗೆ ಬೇಕಾಗಿದ್ದದ್ದು ಬೀದಿಗೆ ಒಂದು ನಲ್ಲಿ, ಅಷ್ಟೇ. ಏರಿ ಬೀದಿಯ ಹೆಂಗಸರು ಮೋರಿ ದಾಟಿ ಮೇಗಲ ಬೀದಿಗೆ ಹೋಗಿ, ಅಲ್ಲಿಯವರೆಲ್ಲ ಹಿಡಿದು ಮುಗಿಸಿದ ಮೇಲೆ ನೀರು ಹಿಡಿಯಬೇಕು, ಅವರಿಂದ ಮಾತು ಅನ್ನಿಸಿಕೊಂಡು ಬರಬೇಕು. "ಆರ ಆಕುಸ್ಕಳೋ ಬದ್ಲು ಆ ಮಾರಾಯ್ನ ಒಂದ್ ನಲ್ಲಿ ಕೇಳು" ಅಂತ ಆಕೆ ಪ್ರತಿ ಎಲೆಕ್ಷನ್ನಿಗೂ ಬೇಡಿಕೊಂಡಳು.

"ಡೆಲ್ಲಿಗೋಗೋರ ತಾವ ನಲ್ಲಿ ಗಿಲ್ಲಿ ಅನ್ನಕಾದದಾ? ನನ್ ಲೆವೆಲ್ ಏನಾಗಬೇಕು?" ಅಂತ ಇವನು ಶಾಲು ಕೊಡವುತ್ತಿದ್ದ.

ಎರಡು ಸಾವಿರದ ನಾಲ್ಕು ಬಂತು. ಆ ಸಲದ ಕ್ಯಾಂಡಿಡೇಟು ನಟರಾಜು ಬೆಂಚಿನ ಮೇಲೆ ಕೂತು, "ಅಣ್ಣಾ, ನಾನೂರು ಓಟು ಕೊಡುಸ್ಬುಡಿ. ನಿಮ್ಮನ್ನ ಪುರಸಭೆಗೆ ನಾಮಕರಣ ಸದಸ್ಯ ಮಾಡಸ್ತೀನಿ" ಅಂದ. ಅಂದರೆ ಚುನಾವಣೆಗೆ ನಿಲ್ಲದೆಯೇ ಪುರಸಭೆಯ ಕುರ್ಚಿ! ಇಪ್ಪತ್ತು ವರ್ಷ ಜೀಪಿನಲ್ಲಿ ಕೂತವನಿಗೆ ಅಲ್ಲಾಡದ ಒಂದು ಕುರ್ಚಿಯ ಆಸೆ ಹುಟ್ಟಿತು. ವಯಸ್ಸು ಅರವತ್ತರ ಹತ್ತಿರ, ಇನ್ನೊಂದು ಅವಕಾಶ ಬರುತ್ತೋ ಇಲ್ಲವೋ. ಖಾದಿ ಜುಬ್ಬ ಹೊಲಿಸಿದ. 'ಪುಟ್ಟಮಾದಪ್ಪ, ನಾಮಕರಣ ಸದಸ್ಯರು' ಅಂತ ತಗಡಿನ ಬೋರ್ಡು ಬರೆಸಿ ಮಂಚದ ಕೆಳಗಿಟ್ಟ. ಕೂಸು ಹುಟ್ಟೋಕೆ ಮುಂಚೆ ಕುಲಾವಿ ಅನ್ನೋದು ಇದಕ್ಕೇ.

ಆ ವರ್ಷ ಚೀಟಿ ಹೋಗಿ ಮೆಷಿನ್ನು ಬಂದಿತ್ತು. "ಡ್ರಮ್ಮಲ್ಲಿ ಕೈಲಿ ಕಲುಸ್ತಿದ್ರು, ಇದು ಕರೆಂಟಲ್ಲಿ ಕಲುಸ್ತದೆ, ಅಷ್ಟೇಯಾ" ಅಂತ ಪುಟ್ಟಮಾದಪ್ಪ ಬೆಂಚಿನಲ್ಲಿ ಪಾಠ ಮಾಡಿದ. ಅಯ್ಯೋ ಮಂಕೇ! ಒಂದೊಂದು ಬೂತಿನ ಮೆಷಿನ್ನು ತನ್ನ ಲೆಕ್ಕ ತಾನೇ ಒಪ್ಪಿಸುತ್ತದೆ ಅಂತ ಇವನಿಗೆ ಹೇಳೋರು ಯಾರು?

ನಟರಾಜು ಗೆದ್ದ. ಪುಟ್ಟಮಾದಪ್ಪ ಹೊಸ ಜುಬ್ಬ ತೊಟ್ಟು, ಇಪ್ಪತ್ತು ವರ್ಷದಲ್ಲಿ ಮೊದಲ ಸಲ ತಾನೇ ಒಂದು ಹಾರ ಹಿಡಿದು ಅವನ ಮನೆಗೆ ಹೋದ. ನಟರಾಜು ಹಾರಕ್ಕೆ ಕೊರಳು ಕೊಡಲಿಲ್ಲ. ಜೇಬಿನಿಂದ ಒಂದು ಹಾಳೆ ತೆಗೆದ.

"ಏರಿ ಬೀದಿ ಬೂತು. ಬಿದ್ದಿರೋ ಓಟು ಮುನ್ನೂರ ತೊಂಬತ್ತೆಂಟು. ನಂಗೆ ಬಂದಿರೋದು ಏಳು. ಅಣ್ಣಾ, ನಿಮ್ಮನೇಲಿ ಎಷ್ಟು ಓಟವೆ?"

ಮಕ್ಕಳು, ಸೊಸೆಯರು, ತಮ್ಮ, ತಮ್ಮನ ಹೆಂಡತಿ. ಪುಟ್ಟಮಾದಪ್ಪ ಬೆರಳು ಮಡಿಸಿ ಎಣಿಸಿದ. "ಒಂಬತ್ತು ಸಾ."

"ಮನೆ ಗೆದ್ದು ಮಾರು ಗೆಲ್ಲು ಅಂತಾರೆ. ಓಗ್ಬನ್ನಿ" ಅಂದ ನಟರಾಜು. ಸುತ್ತ ಇದ್ದವರು ನಕ್ಕ ನಗು ಗೇಟಿನವರೆಗೂ ಬೆನ್ನಿಗೆ ಹತ್ತಿಕೊಂಡು ಬಂತು.

ಮನೆಗೆ ಬಂದವನೇ ಕೂಗಾಡಿದ. "ನಮ್ಮನೇಲೇ ಎಲ್ಡು ಓಟು ತಪ್ಪವೆ! ಯಾವ ಮನೆಮುರುಕ್ರು ಅಂತ ಯೋಳ್ರಿ!"

ಶಿವರತ್ನಮ್ಮ ಬರಿಗೊಡ ಸೊಂಟಕ್ಕಿಟ್ಟುಕೊಂಡು ಹೊಸ್ತಿಲಲ್ಲಿ ನಿಂತಳು. "ಎಲ್ಡಲ್ಲ, ಎಂಟು. ನಿಂದೊಂದ್ ಬುಟ್ಟು ಈ ಮನೇದು ಯಾವ್ದೂ ಇಲ್ಲ. ಮಿಕ್ಕಿದ್ ಆರು ಯಾರ್ದೋ, ನಂಗೂ ಅದೇ ಯೋಚ್ನೆ."

"ಯಾವತ್ತಿಂದ ಹಿಂಗೆ?"

"ಎಂಬತ್ನಾಕರಿಂದ್ಲೂ. ನೀನ್ ಯಾವ ಜೀಪು ಅತ್ತುತೀಯ ಅಂತ ಬೀದಿ ಎಂಗುಸ್ರೆಲ್ಲಾ ನೋಡ್ಕತಿದ್ವಿ. ಅದುನ್ ಬುಟ್ಟು ಇನ್ನೊಂದಕ್ಕೆ ಒತ್ತಿ ಬತ್ತಿದ್ವಿ, ಮನೆ ಗಂಡುಸ್ರ ಕೈಲೂ ಒತ್ತುಸ್ತಿದ್ವಿ. ನಲ್ಲಿ ಕೇಳು ಅಂದ್ರೆ ಆರ ಕೇಳ್ದೋನು ನೀನು."

ಮಾರನೇ ದಿನ ಸೋತ ಕ್ಯಾಂಡಿಡೇಟು ಸದಾಶಿವಪ್ಪ ಜೀಪಿನಲ್ಲಿ ಹಾರ ಹಿಡಿದುಕೊಂಡು ಬಂದ. ಏರಿ ಬೀದಿಯಲ್ಲಿ ಮುನ್ನೂರ ಎಂಬತ್ತು ಓಟು ಅವನಿಗೆ ಬಿದ್ದಿದ್ದವು. ಆ ಗುಟ್ಟು ಅವನ ಕಿವಿಗೂ ಮುಟ್ಟಿತ್ತು. "ಅಣ್ಣಾ, ಮುಂದ್ಲ ಸಲಾನೂ ನೀವು ನಟರಾಜು ಜೀಪೇ ಅತ್ತಬೇಕು, ಕೈಮುಗೀತೀನಿ" ಅಂತ ಕೊರಳಿಗೆ ಹಾಕಲು ಬಂದ. ಪುಟ್ಟಮಾದಪ್ಪ ಹಾರ ತಳ್ಳಿ ಕೇಳಿದ, "ಸಾ, ನಮ್ ಬೀದಿಗೊಂದ್ ನಲ್ಲಿ..."

"ನಾ ಸೋತೋನು ಕಣಣ್ಣಾ. ನಲ್ಲಿ ಗೆದ್ದೋರ್ನ ಕೇಳಬೇಕು. ಅವ್ರು ಏಳು ಓಟಿಗೆ ನಲ್ಲಿ ಕೊಟ್ಟಾರಾ?"

ಜೀಪು ಹೋಯಿತು. ಬೋರ್ಡನ್ನು ಶಿವರತ್ನಮ್ಮ ಹಂಡೆಗೆ ಮುಚ್ಚಳ ಮಾಡಿದಳು. ಆಮೇಲೆ ಕೊಡವನ್ನು ಗಂಡನ ಕೈಗೆ ಕೊಟ್ಟಳು. ಅವನು ಮೋರಿ ದಾಟಿ ಮೇಗಲ ಬೀದಿಗೆ ಹೋಗಿ ಸಾಲಿನ ಕೊನೆಗೆ ನಿಂತ.

ಮುಂದೆ ನಿಂತಿದ್ದ ಮುದುಕಿ ತಿರುಗಿ ನೋಡಿ, "ಯಾವ ಬೀದಿಯಪ್ಪಾ?" ಅಂತ ಕೇಳಿದಳು.

"ಏರಿ ಬೀದಿ."

"ನಿಮ್ ಬೀದೀಲಿ ಯಾರೋ ಬಾರಿ ಲೀಡ್ರು ಅವ್ರಂತಲ್ಲಾ, ಜೀಪಲ್ಲೇ ಓಡಾಡೋರು. ಒಂದ್ ನಲ್ಲಿ ಆಕುಸ್ನಿಲ್ವಾ?"

ಪುಟ್ಟಮಾದಪ್ಪ ಕೊಡ ಕೆಳಗಿಟ್ಟ. "ಆಸಾಮಿ ಕೇಳ್ಲೇ ಇಲ್ಲ ಕಣವ್ವಾ" ಅಂದ.