ರುದ್ರಪ್ಪ ಕೆತ್ತದ ಬಿಂದಿಗೆ

ಆ ಒಂದು ಚಿತ್ರಕ್ಕೆ ನಾನು ತೆತ್ತದ್ದು ಒಂದು ಚಿಪ್ಪು ಬಾಳೆಹಣ್ಣು ಮತ್ತು ಒಂದು ಸುಳ್ಳು. ಬಾಳೆಹಣ್ಣು ಯಾಕೆಂದರೆ, ಬರಿಗೈಯಲ್ಲಿ ಹೋಗಿ ಕೇಳಿದರೆ ಯಾರೂ ಏನನ್ನೂ ಕೊಡುವುದಿಲ್ಲ. ಸುಳ್ಳು ಯಾಕೆಂದರೆ, ನಿಜ ಹೇಳಿದ್ದರೆ ಚಿತ್ರಕ್ಕೆ ಬೆಲೆ ಕಟ್ಟಬೇಕಾಗುತ್ತಿತ್ತು — ಬೆಲೆ ಕಟ್ಟದೆ ಕೊಳ್ಳುವುದರಲ್ಲೇ ನಾನು ಹೆಸರು ಮಾಡಿದ್ದು. ಜಯಮ್ಮ ಟೀಚರ ಪುಸ್ತಕ ರೈಲಿನಲ್ಲಿ ಕಳೆದುಹೋಗಲಿಲ್ಲ. ನಾನು ಸುಟ್ಟೆ. ನನ್ನ ಕೈಯಾರೆ, ಬಣ್ಣ ಕಾಯಿಸುವ ಒಲೆಗೆ ಹಾಕಿ ಸುಟ್ಟೆ.

ಇಷ್ಟನ್ನು ಬರೆಯಲು ನನಗೆ ಹತ್ತು ವರ್ಷಕ್ಕಿಂತ ಹೆಚ್ಚು ಬೇಕಾಯಿತು.

ನಾನು ದೊಡ್ಡಬಳ್ಳಾಪುರದ ಸೀರೆ ದಲ್ಲಾಳಿ. ನೂಲು ಸುತ್ತುವ ಕೆಲಸದಿಂದ ಶುರುಮಾಡಿ, ಯಾರ ಹಂಗೂ ಇಲ್ಲದೆ ಮೇಲೆ ಬಂದೆ. ಮಗ್ಗ ನನ್ನದಲ್ಲ, ಅಂಗಡಿಯೂ ನನ್ನದಲ್ಲ. ಇಬ್ಬರ ನಡುವಿನ ಮಾತು ಮಾತ್ರ ನನ್ನದು. ಈ ಸಲ ಅಂಚಿನಲ್ಲಿ ಏನು ಓಡುತ್ತದೆ — ನವಿಲೋ, ಮಾವಿನಕಾಯೋ, ರುದ್ರಾಕ್ಷಿಯೋ — ಎಂದು ಮೊದಲೇ ಮೂಸಿ ನೋಡಿ ಹೇಳುವವನಿಗೆ ನಮ್ಮೂರಲ್ಲಿ ಬೆಲೆ. ಅದಕ್ಕೇ ನನ್ನ ಕಣ್ಣು ಎಲ್ಲಿ ಹೋದರೂ ಅಂಚು ಹುಡುಕುತ್ತಿತ್ತು. ದೇವಸ್ಥಾನದ ಕಂಬದಲ್ಲಿ, ಬೆಂಕಿಪೊಟ್ಟಣದ ಮೇಲೆ, ಹೆಣ್ಣುಮಕ್ಕಳು ಹಾಕಿದ ರಂಗೋಲಿಯಲ್ಲಿ.

ಅರವತ್ತರ ದಶಕದ ಕೊನೆಯಲ್ಲಿ ದೊಡ್ಡಬೆಳವಂಗಲದ ಸ್ಕೂಲಿಗೆ ಸೀರೆ ತೋರಿಸಲು ಹೋಗುತ್ತಿದ್ದೆ. ಅಲ್ಲಿನ ಟೀಚರುಗಳು ಒಬ್ಬರನ್ನೊಬ್ಬರು ನೋಡಿ ಕೊಳ್ಳುತ್ತಿದ್ದರು. ಜಯಮ್ಮನವರು ಮಾತ್ರ ಕೊಳ್ಳುತ್ತಿರಲಿಲ್ಲ. ಚಿಕ್ಕ ವಯಸ್ಸಿಗೇ ಗಂಡನನ್ನು ಕಳೆದುಕೊಂಡವರು. ಸ್ಕೂಲಿನ ಹಿಂದಿನ ಬೀದಿಯಲ್ಲಿ ಒಂದು ಕೋಣೆಯ ಮನೆ. ಒಂದು ದಿನ ಅವರ ಮನೆಯ ಜಗಲಿಯಲ್ಲಿ ನೀರು ಕೇಳಿ ಕುಡಿಯುವಾಗ ಒಳಗೆ ಮೇಜಿನ ಮೇಲೆ ದಪ್ಪ ದಪ್ಪ ಪುಸ್ತಕಗಳು ಕಂಡವು. ಬೆಂಗಳೂರಿನ ಲೈಬ್ರರಿಯಿಂದ ತಂದವು — ಹೊರದೇಶದ ಶಿಲ್ಪಿಗಳು, ಚಿತ್ರಗಾರರು, ಅವರ ಬದುಕು, ಅವರ ಕೆಲಸ. ಅವುಗಳ ಪಕ್ಕದಲ್ಲಿ ಕೈಯಲ್ಲಿ ಬರೆದು, ಫೋಟೋ ಅಂಟಿಸಿ, ಬೈಂಡ್ ಮಾಡಿಸಿದ ಒಂದು ಪುಸ್ತಕ.

"ಇವರೆಲ್ಲರ ಮೇಲೂ ಪುಸ್ತಕ ಇದೆ ಚಿಕ್ಕಣ್ಣನೋರೇ" ಎಂದರು. "ಎಲ್ಲಿ ಹುಟ್ಟಿದ್ರು, ಯಾರ ಹತ್ರ ಕಲಿತ್ರು, ಯಾವ ಕಲ್ಲು ಹೊಡೆದ್ರು, ಯಾಕೆ ಹೊಡೆದ್ರು — ಎಲ್ಲಾ ಬರ್ದಿದ್ದಾರೆ. ನಮ್ಮಣ್ಣನ ಮೇಲೆ ಯಾರು ಬರೀತಾರೆ? ಅದಕ್ಕೇ ನಾನೇ ಕೂತೆ."

ಅವರ ಅಣ್ಣ ರುದ್ರಪ್ಪ. ಬೆಂಗಳೂರಿನಲ್ಲಿ ಶಿಲ್ಪ ಕಲಿತು, ವಾಪಸ್ಸು ಬಂದು ನಲ್ಲೂರಿನ ಹತ್ತಿರದ ತಮ್ಮ ಊರಲ್ಲೇ ಉಳಿದವರು. ಗಾಳಿಗೆ ಬಿದ್ದ ಹುಣಸೆಮರದ ಬೊಡ್ಡೆಗಳನ್ನು ಎಳೆಸಿ ತಂದು ಕೆತ್ತುತ್ತಿದ್ದರಂತೆ. ದೇವರನ್ನಲ್ಲ, ಊರಿನವರನ್ನು. ಕುರಿ ಕಾಯುವವನು, ಎಲೆಯಡಿಕೆ ಕುಟ್ಟುವ ಮುದುಕಿ. "ದೇವ್ರೂ ಅಲ್ಲ, ಗೊಂಬೇನೂ ಅಲ್ಲ, ಇದಕ್ಕೆ ಪೂಜೆ ಮಾಡೋದೋ ಆಟ ಆಡೋದೋ?" ಎಂದು ಊರವರು ನಗುತ್ತಿದ್ದರಂತೆ. ನಾನು ಜಯಮ್ಮನವರನ್ನು ಕಾಣುವ ಹೊತ್ತಿಗೆ ರುದ್ರಪ್ಪನವರು ಜ್ವರ ಬಂದು ತೀರಿಕೊಂಡಾಗಿತ್ತು.

ಆ ಕೈಬರಹದ ಪುಸ್ತಕದ ಪುಟ ತಿರುಗಿಸಿದೆ. ಒಂದು ಫೋಟೋದಲ್ಲಿ ನನ್ನ ಕಣ್ಣು ನಿಂತುಬಿಟ್ಟಿತು. ಮರದಲ್ಲಿ ಕೆತ್ತಿದ ಒಬ್ಬಳೇ ಹೆಂಗಸು. ಮುಖ ಒಂದು ಪಕ್ಕಕ್ಕೆ. ಒಂದು ಕೈ ಇಳಿಬಿದ್ದಿದೆ — ಬಳೆಯಿಲ್ಲ, ಅಂಗೈ ನಮ್ಮ ಕಡೆಗೆ, ಅದರಲ್ಲಿ ಏನೂ ಇಲ್ಲ. ಭುಜದಿಂದ ಪಾದದವರೆಗೆ ಒಂದೇ ಗೆರೆ ಇಳಿದುಬಂದ ಹಾಗಿತ್ತು. ಅದು ಜಯಮ್ಮನವರೇ, ಅಣ್ಣ ತಂಗಿಯನ್ನು ಎದುರಿಗೆ ನಿಲ್ಲಿಸಿಕೊಂಡು ಕೆತ್ತಿದ್ದು ಎಂದು ಅವರೇ ಹೇಳಿದರು. ನಾನು ಹೂಂ ಎಂದೆ. ನನ್ನ ತಲೆಯಲ್ಲಿ ಓಡುತ್ತಿದ್ದದ್ದು ಆ ಗೆರೆ — ಅದು ಅಂಚಿನ ಉದ್ದಕ್ಕೂ ಹೇಗೆ ಬರುತ್ತದೆ ಎಂದು.

ಮುಂದಿನ ಸಲ ಬಾಳೆಹಣ್ಣು ತೆಗೆದುಕೊಂಡು ಹೋದೆ.

"ಬೆಂಗಳೂರಲ್ಲಿ ನಮಗೆ ಬೇಕಾದ ಪ್ರೆಸ್ಸಿನೋರೊಬ್ರು ಇದ್ದಾರೆ ಟೀಚರಮ್ಮ. ಪುಸ್ತಕ ಒಂದ್ಸಲ ತೋರಿಸ್ಕೊಂಡು ಬಂದ್ಬಿಡ್ತೀನಿ."

ಹಾಗೆ ಯಾವ ಪ್ರೆಸ್ಸಿನವನೂ ಇರಲಿಲ್ಲ. ಅವರು ಪುಸ್ತಕವನ್ನು ಬಟ್ಟೆಯಲ್ಲಿ ಸುತ್ತಿ, ಗಂಟು ಹಾಕಿ, ಎರಡೂ ಕೈಯಿಂದ ಕೊಟ್ಟರು. ಒಂದು ಮರುಪ್ರಶ್ನೆಯನ್ನೂ ಕೇಳಲಿಲ್ಲ — ಅಷ್ಟು ಸುಲಭವಾಗಿ ಮುಗಿದ ವ್ಯಾಪಾರವನ್ನು ನಾನು ಕಂಡಿರಲಿಲ್ಲ. ಖುಷಿಪಟ್ಟೆ ಕೂಡ.

ನಮ್ಮ ಕಸುಬಿನಲ್ಲಿ ಆಗ ಒಂದು ಪದ್ಧತಿ ಇತ್ತು. ಹೊಸ ಅಂಚಿನ ಚಿತ್ರ ತಂದರೆ ನಕ್ಷೆಗಾರ ಅದನ್ನು ಚೌಕಳಿ ಹಾಳೆಯ ಮೇಲೆ ಇಳಿಸುತ್ತಾನೆ. ಆ ನಕ್ಷೆ ನೋಡಿ ಮಗ್ಗದ ರಟ್ಟುಗಳಿಗೆ ತೂತು ಹೊಡೆಯುತ್ತಾರೆ. ನಕ್ಷೆ ಆದಮೇಲೆ ಮೂಲ ಚಿತ್ರವನ್ನು ಇಬ್ಬರೂ ಎದುರೆದುರು ನಿಂತು ಸುಟ್ಟುಬಿಡಬೇಕು. ಅದು ಇನ್ನೊಬ್ಬನ ಮಗ್ಗಕ್ಕೆ ಹೋಗಬಾರದು, ಯಾರೂ ಯಾರ ಮೇಲೂ ಅನುಮಾನಪಡಬಾರದು — ಅಷ್ಟಕ್ಕೆ.

ನಕ್ಷೆ ಬರೆಯುವ ಗಫೂರ್ ಸಾಬರು ಫೋಟೋವನ್ನು ಬೆಳಕಿಗೆ ಹಿಡಿದು ನೋಡಿ, "ಒಂಟಿ ಹೆಂಗಸು, ಕೈ ಬೇರೆ ಖಾಲಿ. ಮದ್ವೆ ಮನೇಲಿ ಯಾವ ಬೀಗಿತ್ತಿ ಉಡ್ತಾಳಪ್ಪ ಇದನ್ನ?" ಎಂದರು.

"ಅದಕ್ಯಾಕೆ ಯೋಚ್ನೆ ಗುರು. ಎದುರಿಗೆ ಇನ್ನೊಬ್ಬಳನ್ನ ನಿಲ್ಸಿ. ನಡುವೆ ಒಂದು ತುಂಬಿದ ಬಿಂದಿಗೆ ಇಡಿ. ಕೈಗೆ ಬಳೆ ಹಾಕಿ."

"ಪಾಪ, ಇಷ್ಟೊತ್ತು ಸುಮ್ನೆ ನಿಂತಿದ್ಲು. ನೀನು ಬಂದು ನೀರು ಹೊರ್ಸ್ದೆ ನೋಡು!" ಎಂದು ನಗಾಡಿದರು. ನಾನೂ ನಕ್ಕೆ.

ನಕ್ಷೆ ಮುಗಿದ ದಿನ ಅವರು ಕಡ್ಡಿ ಗೀರಿ ನನ್ನ ಮುಖ ನೋಡಿದರು. "ನಿಂದೇ ತಾನೇ?" ಎಂದು ಕೇಳಿದರು. ಆ ಮನುಷ್ಯ ಎರವಲು ತಂದದ್ದನ್ನು ಮುಟ್ಟುತ್ತಿರಲಿಲ್ಲ; ಇನ್ನೊಬ್ಬರ ಪುಸ್ತಕದ್ದು ಎಂದಿದ್ದರೆ ನಕ್ಷೆಯನ್ನೇ ಹರಿದುಹಾಕುತ್ತಿದ್ದರು. ನಾನು "ಕೊಂಡಿದ್ದು" ಎಂದೆ. ಫೋಟೋ ಸುರುಳಿಯಾಗಿ ಸುತ್ತಿಕೊಂಡು ಉರಿಯಿತು.

ಆಮೇಲೆ ಪುಸ್ತಕದಲ್ಲಿ ಒಂದು ಪುಟ ಬೋಳಾಗಿ ಉಳಿಯಿತು. ಫೋಟೋ ಕಿತ್ತ ಕಡೆ ಅಂಟಿನ ಕಲೆ, ಅದರ ಕೆಳಗೆ ಅವರ ದುಂಡು ಅಕ್ಷರದಲ್ಲಿ ಎರಡು ಸಾಲು. ಇದನ್ನು ಹೇಗೆ ವಾಪಸ್ಸು ಕೊಡುವುದು? — ನಾನು ಯೋಚಿಸಿದ್ದು ಅಷ್ಟೇ. ಆ ಒಂದು ಬೋಳು ಪುಟವನ್ನು ಮುಚ್ಚಲು ಇಡೀ ಪುಸ್ತಕವನ್ನು ಒಲೆಗೆ ಹಾಕಿದೆ. ರೈಲಿನ ಬೆಂಚಿನ ಮೇಲೆ ಮರೆತು ಇಳಿದೆ ಎಂದು ಹೇಳಿದರೆ ಮುಗಿಯಿತು. ಫೋಟೋ ಹೋದರೇನು, ಮರದ ಶಿಲ್ಪಗಳು ಊರಲ್ಲಿ ಇದ್ದೇ ಇರುತ್ತವಲ್ಲ — ಇನ್ನೊಮ್ಮೆ ತೆಗೆಸಿಕೊಳ್ಳುತ್ತಾರೆ. ಹಾಗೆಂದು ನನಗೆ ನಾನೇ ಹೇಳಿಕೊಂಡೆ. ಕೇಳಿ ತಿಳಿದುಕೊಂಡಿರಲಿಲ್ಲ. ಒಂದು ಮೊಳ ಬಟ್ಟೆಗೆ ಹತ್ತು ಪ್ರಶ್ನೆ ಕೇಳುವವನು ಈ ಒಂದನ್ನು ಕೇಳಿರಲಿಲ್ಲ.

ರೈಲಿನಲ್ಲಿ ಕಳೆಯಿತು ಎಂದು ಹೇಳಿದಾಗ ಜಯಮ್ಮನವರು ಬೈಯಲಿಲ್ಲ. ಗೋಡೆಗೆ ಕೈ ಊರಿ ನಿಂತರು.

"ಶಿಲ್ಪಗಳಿದ್ದಾವಲ್ಲ ಟೀಚರಮ್ಮ" ಎಂದೆ.

"ಎಲ್ಲಿ? ಅಣ್ಣ ತೀರ್ಕೊಂಡ ವರ್ಷವೇ ದಾಯಾದಿಗಳು ಇಟ್ಟಿಗೆ ಗೂಡಿಗೆ ಸೌದೆ ಅಂತ ಹಾಕಿದ್ರು. ಹುಣಸೆ ಸೌದೆ ಚೆನ್ನಾಗಿ ಉರೀತದಂತೆ."

ಫೋಟೋ ತೆಗೆದಿದ್ದ ಅಣ್ಣನ ಸ್ನೇಹಿತರ ಬಳಿ ನೆಗೆಟಿವ್ ಕೂಡ ಉಳಿದಿಲ್ಲ ಎಂದರು. ಹಾಗಾದರೆ ಮರ ಒಂದು ಬೆಂಕಿಗೆ ಹೋಯಿತು, ನೆರಳು ಇನ್ನೊಂದಕ್ಕೆ — ಎರಡನೆಯದು ನನ್ನದು. ಆಗಲೇ ಹೇಳಬಹುದಿತ್ತು. ಬಾಯಿ ತೆರೆದೆ. ತೆರೆದ ಬಾಯಿಂದ ಬಂದದ್ದು, "ಸ್ಟೇಷನ್ನಲ್ಲಿ ಇನ್ನೊಂದ್ಸಲ ವಿಚಾರಿಸ್ತೀನಿ" ಎಂಬ ಮಾತು. ಅದಕ್ಕೆ ಅವರು, "ನಿಮಗೂ ತೊಂದ್ರೆ ಆಯ್ತು" ಎಂದರು.

ಸೀರೆ ಓಡಿತು. ಎರಡು ಹೆಂಗಸರು, ನಡುವೆ ಬಿಂದಿಗೆ — ನಮ್ಮ ಕಡೆಯ ಎಷ್ಟೋ ಮದುವೆಗಳಲ್ಲಿ ಅದು ಓಡಾಡಿತು. ನಾನು ದೊಡ್ಡಬೆಳವಂಗಲದ ದಾರಿ ಬಿಟ್ಟೆ.

ಕಳೆದ ವರ್ಷ ದೊಡ್ಡಬಳ್ಳಾಪುರದ ಬಸ್ ಸ್ಟ್ಯಾಂಡಿನಲ್ಲಿ ಯಾರೋ ನನ್ನ ಹೆಸರು ಹಿಡಿದು ಕೂಗಿದರು. ಜಯಮ್ಮನವರು. ಕೂದಲು ಪೂರ್ತಿ ಬೆಳ್ಳಗಾಗಿತ್ತು. ಚೀಲದಿಂದ ಒಂದು ತೆಳು ಪುಸ್ತಕ ತೆಗೆದು, "ಅಂತೂ ಅಚ್ಚಾಯ್ತು ಚಿಕ್ಕಣ್ಣನೋರೇ. ನೀವು ಅವತ್ತು ಅಷ್ಟು ಓಡಾಡಿದ್ರಲ್ಲ, ನಿಮಗೊಂದು ಇರಲಿ" ಎಂದು ಕೊಟ್ಟು ಬಸ್ಸು ಹತ್ತಿದರು.

ಅಲ್ಲೇ ನಿಂತು ತೆರೆದೆ. ಅಣ್ಣನ ಬದುಕು, ಕೆಲಸ. ಇಡೀ ಪುಸ್ತಕಕ್ಕೆ ಒಂದೇ ಚಿತ್ರ. ಶಿಲ್ಪದ್ದಲ್ಲ — ನನ್ನ ಸೀರೆಯ ಅಂಚಿನದು. ಎರಡು ಹೆಂಗಸರು. ಬಳೆ. ಬಿಂದಿಗೆ.

ಅದರ ಎದುರಿನ ಪುಟದಲ್ಲಿ ಅವರು ಬರೆದದ್ದು ನನಗೆ ಬಾಯಿಪಾಠವಾಗಿದೆ: "ಅಣ್ಣ ನನ್ನನ್ನು ಒಂಟಿಯಾಗಿ ಕೆತ್ತಿದನೆಂದೇ ಇಷ್ಟು ವರ್ಷ ನಂಬಿದ್ದೆ. ಗೆಳತಿಯ ಮಗಳ ಮದುವೆಯಲ್ಲಿ ಈ ಅಂಚನ್ನು ಕಂಡೆ; ಭುಜದಿಂದ ಪಾದದವರೆಗೆ ಅಣ್ಣನ ಅದೇ ಗೆರೆ. ರೈಲಿನಲ್ಲಿ ಕಳೆದ ಪುಸ್ತಕ ಯಾರೋ ಪುಣ್ಯಾತ್ಮನಾದ ನೇಕಾರನಿಗೆ ಸಿಕ್ಕಿರಬೇಕು. ಅವನು ಅಣ್ಣನನ್ನು ನೂಲಿನಲ್ಲಿ ಉಳಿಸಿದ. ಅಂಚಿನಲ್ಲಿ ಆ ಹೆಂಗಸಿನ ಎದುರಿಗೆ ಇನ್ನೊಬ್ಬಳಿದ್ದಾಳೆ, ಕೈಗೆ ಬಳೆಯಿದೆ. ನನ್ನ ನೆನಪೇ ಕೆಟ್ಟಿತೆಂದು ತಿಳಿದು, ಬರೀ ನೆನಪಿನಿಂದ ಬರೆದಿದ್ದ ಪುಟಗಳನ್ನೆಲ್ಲ ತೆಗೆದುಹಾಕಿದ್ದೇನೆ."

ಪುಸ್ತಕ ಯಾಕೆ ಅಷ್ಟು ತೆಳ್ಳಗಿದೆ ಎಂದು ಆಗ ತಿಳಿಯಿತು. ನಾನು ಒಮ್ಮೆ ಸುಟ್ಟಿದ್ದೆ. ಅವರು ಪಾಪ, ಮತ್ತೆ ನೆನಪಿನಿಂದ ಬರೆದಿದ್ದರು — ನಾನು ಇಟ್ಟ ಒಂದು ಬಿಂದಿಗೆಯನ್ನು ನಂಬಿ ಅದನ್ನೂ ಕೈಯಾರೆ ಹರಿದಿದ್ದರು. ಎರಡನೇ ಸಲ ಬೆಂಕಿ ಹಚ್ಚಲು ನಾನು ಅಲ್ಲಿರಬೇಕಾಗಿಯೂ ಇರಲಿಲ್ಲ.

ಬಸ್ ಸ್ಟ್ಯಾಂಡಿನ ಗದ್ದಲದಲ್ಲಿ ಲೆಕ್ಕ ಹಾಕತೊಡಗಿದೆ — ಅಭ್ಯಾಸ ಬಿಡುವುದಿಲ್ಲ. ಹೇಳದಿದ್ದರೆ ಅವರಿಗೆ ಎದುರಿಗೊಬ್ಬಳು ಜೊತೆಗಾತಿ ಉಳಿಯುತ್ತಾಳೆ. ಹೇಳಿದರೆ ಅವಳನ್ನು ನಾನೇ ಕಿತ್ತುಕೊಂಡ ಹಾಗೆ. ಈ ವಯಸ್ಸಿನಲ್ಲಿ ಯಾಕೆ? — ಎಷ್ಟು ಚೆನ್ನಾಗಿ ಒಪ್ಪಿಸುತ್ತೇನೆ ನನ್ನನ್ನು ನಾನೇ! ಗಿರಾಕಿಯನ್ನು ಒಪ್ಪಿಸುವ ಅದೇ ದನಿ, ಅದೇ ನಯ. ಅದು ಕೇಳಿಸಿದ ಮೇಲೆ ದೊಡ್ಡಬೆಳವಂಗಲದ ಮುಂದಿನ ಬಸ್ಸು ಹತ್ತಿದೆ.

ಅವರ ಮನೆಯ ಬಾಗಿಲಲ್ಲೇ ನಿಂತು ಹೇಳಿದೆ. ಎಲ್ಲವನ್ನೂ. ಒಲೆ, ಕಡ್ಡಿ, ಬಳೆ, ಬಿಂದಿಗೆ. ಅವರು ಕೂರಿ ಎನ್ನಲಿಲ್ಲ. ಕೇಳಿದ್ದು ಒಂದೇ.

"ಹಾಗಾದ್ರೆ ಅವಳು ಒಬ್ಬಳೇ ಇದ್ಲಾ? ಕೈಯಲ್ಲಿ ಏನೂ ಇರ್ಲಿಲ್ವಾ?"

"ಏನೂ ಇರಲಿಲ್ಲಮ್ಮ."

"ನನಗೆ ಮರೆವು ಬಂದಿರಲಿಲ್ಲ."

ಅದನ್ನು ನನಗೆ ಹೇಳಿದ್ದಲ್ಲ. ತಮ್ಮ ಬಲಗೈಯನ್ನು ಮುಂದೆ ಚಾಚಿ, ಅಂಗೈ ತಿರುಗಿಸಿ, ಅದನ್ನೇ ನೋಡುತ್ತಿದ್ದರು. ಫೋಟೋದ ಅದೇ ಕೈ. ಕ್ಷಮಿಸಿ ಎಂಬ ಮಾತು ಗಂಟಲಿಗೆ ಬಂತು — ಅದನ್ನು ಕೇಳುವುದೂ ಒಂದು ವ್ಯಾಪಾರವೇ ಎನಿಸಿ ನುಂಗಿಕೊಂಡೆ.

"ಹೊರಡಿ" ಎಂದರು, ಮೇಜಿನ ಕಡೆ ತಿರುಗುತ್ತಾ. "ತೆಗೆದುಹಾಕಿದ್ದೆಲ್ಲ ಮತ್ತೆ ಬರೀಬೇಕು. ಕಣ್ಣು ಇರೋವಾಗಲೇ."

ಕ್ಷಮಿಸಿದೆ ಎನ್ನಲಿಲ್ಲ. ಈಗಲೂ ಅಂದಿಲ್ಲ. ಅದು ನನಗೆ ಬರಬೇಕಾದ ಬಾಕಿಯೇನಲ್ಲ.

ಓದುವವರಿಗೆ ಎರಡು ಮಾತು ಹೇಳುತ್ತೇನೆ. ಹೇಳದೆ ಇರಲು ನನಗೆ ಬರುವುದಿಲ್ಲ. ಯಾರ ಮನೆಯಿಂದಲಾದರೂ ಪುಸ್ತಕವೋ ಚಿತ್ರವೋ ಎರವಲು ತರುವಾಗ ಮೊದಲು ಕೇಳಿ: ಇದರದ್ದೇ ಇನ್ನೊಂದು ಪ್ರತಿ ಎಲ್ಲಿದೆ? ಎಲ್ಲೂ ಇಲ್ಲ ಎಂದರೆ ಹೊಸಿಲು ದಾಟಿಸಬೇಡಿ. ಅಲ್ಲೇ ಕೂತು ಓದಿ, ಅಲ್ಲೇ ಬರೆದುಕೊಳ್ಳಿ, ಅವರು ಕೊಟ್ಟ ನೀರು ಕುಡಿದು ಎದ್ದು ಬನ್ನಿ.

ಇನ್ನೊಂದು. ನಿಮ್ಮ ಮನೆಯ ಪೆಟ್ಟಿಗೆಯಲ್ಲಿ ಆ ಸೀರೆ ಇರಬಹುದು — ಎರಡು ಹೆಂಗಸರು, ನಡುವೆ ಬಿಂದಿಗೆ. ತೆಗೆದು ಬೆಳಕಿಗೆ ಹಿಡಿಯಿರಿ. ಬಲಗಡೆಯವಳು ಕಾಣದ ಹಾಗೆ ಅಂಚನ್ನು ಮಡಿಸಿ. ಬಿಂದಿಗೆಯ ಮೇಲೆ ಹೆಬ್ಬೆರಳು ಇಡಿ, ಬಳೆಯ ಮೇಲೆ ತೋರುಬೆರಳು. ಉಳಿದವಳನ್ನು ಸ್ವಲ್ಪ ಹೊತ್ತು ನೋಡಿ. ರುದ್ರಪ್ಪ ಕೆತ್ತಿದ್ದು ಅವಳನ್ನು.